ಹೆಪ್ಪು ಕರಗಿದ ಮೇಲೆ ಮಾನಿಟರ್ ಕುಣಿದರೆ: ತಾಲ್ಲೂಕು ಆಸ್ಪತ್ರೆಯಿಂದ ಮೈಸೂರಿನವರೆಗೆ

ಮಂಡ್ಯ, ಮೈಸೂರು ಜಿಲ್ಲೆಗಳ ತಾಲ್ಲೂಕು ಆಸ್ಪತ್ರೆಗಳಲ್ಲಿ, ಹಾರ್ಟ್ ಅಟ್ಯಾಕ್ ಆದಾಗ ಹೃದಯದ ರಕ್ತನಾಳದ ಹೆಪ್ಪು ಕರಗಿಸುವ ಟೆನೆಕ್ಟೆಪ್ಲೇಸ್ ಇಂಜೆಕ್ಷನ್ ಈಗ ಅಪರೂಪದ್ದಲ್ಲ. ಡಾ. ಪುನೀತ್ ರಾಜ್‌ಕುಮಾರ್ ಹೃದಯ ಜ್ಯೋತಿ ಯೋಜನೆಯಡಿ ಅದು ಉಚಿತವಾಗಿ ಸಿಗುತ್ತದೆ. ಇಸಿಜಿ ಕಳಿಸಿದರೆ ಮೈಸೂರಿನ ಜಯದೇವ ಹೃದ್ರೋಗ ಸಂಸ್ಥೆಯಂಥ ದೊಡ್ಡ ಕೇಂದ್ರದಿಂದ ಸಲಹೆಯೂ ಬರುತ್ತದೆ. ಇಂಜೆಕ್ಷನ್ ಕೊಟ್ಟ ಕೂಡಲೇ ರೋಗಿಯನ್ನು ಆಂಜಿಯೋಗ್ರಾಂ ಮಾಡುವ ಕ್ಯಾತ್ ಲ್ಯಾಬ್ ಇರುವ ಕಡೆಗೆ ಹೊರಡಿಸಬೇಕು ಎನ್ನುವುದು ನಿಯಮ. ತೊಡಕು ಶುರುವಾಗುವುದು ಇಲ್ಲೇ. ಹೆಪ್ಪು ಕರಗಿ ನಾಳ ತೆರೆದುಕೊಳ್ಳುವುದು ಸಾಮಾನ್ಯವಾಗಿ ಮೊದಲ ಒಂದೂವರೆ ಗಂಟೆಯೊಳಗೆ. ನಾಗಮಂಗಲದಿಂದಲೋ ಕೆ.ಆರ್. ಪೇಟೆಯಿಂದಲೋ ಮೈಸೂರಿಗೆ ಹೊರಟ ರೋಗಿಗೆ ಆ ಹೊತ್ತು ಬರುವುದು ವಾರ್ಡಿನಲ್ಲಲ್ಲ, ರಸ್ತೆಯಲ್ಲಿ. ಹೃದಯದ ಲಯ ಕೆಡುವುದೂ ಆಗಲೇ.

ಹಾಗೆ ಕೆಡುವ ಲಯಗಳಲ್ಲಿ ಹೆಚ್ಚಿನವನ್ನು ಮುಟ್ಟಲೇಬಾರದು. ಒಂದೆರಡನ್ನು ಮಾತ್ರ ಒಂದು ಕ್ಷಣವೂ ಬಿಡಬಾರದು. ಯಾವುದು ಯಾವುದೆಂದು ಗುರುತಿಸುವ ಕ್ರಮ ಇಲ್ಲಿದೆ. ಬರೆದಿರುವುದು ಮುಖ್ಯವಾಗಿ ತಾಲ್ಲೂಕು ಆಸ್ಪತ್ರೆಯ ಸಿಸ್ಟರ್‌ಗಳಿಗೆ, ಡ್ಯೂಟಿ ಡಾಕ್ಟರ್‌ಗಳಿಗೆ, 108ರ ಸಿಬ್ಬಂದಿಗೆ. ಕೊನೆಯ ಭಾಗ ಮನೆಯವರಿಗೆ. ಡೋಸ್‌ಗಳೆಲ್ಲ ವಯಸ್ಕರವು, ಔಷಧಿಯ ಆದೇಶ ವೈದ್ಯರದೇ.

ರಕ್ತ ಹರಿದರೆ ಲಯ ಏಕೆ ಕೆಡಬೇಕು?

ನಾಲೆಗೆ ಹೊಸದಾಗಿ ನೀರು ಬಿಟ್ಟಾಗ ಮೊದಲು ಬರುವುದು ತಿಳಿನೀರಲ್ಲ, ಅಷ್ಟು ದಿನ ಬಿದ್ದಿದ್ದ ಕಸಕಡ್ಡಿ. ರಕ್ತ ನಿಂತಿದ್ದ ಹೃದಯದ ಭಾಗದಲ್ಲೂ ಆಮ್ಲ, ಪೊಟ್ಯಾಸಿಯಂ ಶೇಖರವಾಗಿರುತ್ತವೆ. ರಕ್ತ ಮತ್ತೆ ಹರಿದಾಗ ಜೀವಕೋಶದ ಹೊರಗಿನ ಆಮ್ಲ ಥಟ್ಟನೆ ತೊಳೆದುಹೋಗುತ್ತದೆ. ಒಳಗಿನ ಆಮ್ಲವನ್ನು ಹೊರಹಾಕಲು ಕೋಶ ಸೋಡಿಯಂ ಒಳಗೆಳೆದುಕೊಳ್ಳುತ್ತದೆ. ಆ ಸೋಡಿಯಂ ಹೊರಹಾಕಲು ಹೋಗಿ ಕ್ಯಾಲ್ಸಿಯಂ ತುಂಬಿಕೊಳ್ಳುತ್ತದೆ. ಕ್ಯಾಲ್ಸಿಯಂ ಮಿತಿಮೀರಿದ ಕೋಶ ಯಾರ ಅಪ್ಪಣೆಗೂ ಕಾಯದೆ ತಾನೇ ಮಿಡಿಯುತ್ತದೆ. ಜೊತೆಗೆ ಒಂದು ತುಣುಕು ಬೇಗ ಚೇತರಿಸಿಕೊಂಡು ಪಕ್ಕದ ತುಣುಕು ಇನ್ನೂ ಮಂಕಾಗಿದ್ದರೆ ವಿದ್ಯುತ್ ಅಲೆ ಅವುಗಳ ನಡುವೆ ಸುತ್ತು ಹಾಕತೊಡಗುತ್ತದೆ. ಒಂಟಿ ಎಕ್ಸ್‌ಟ್ರಾ ಬಡಿತದಿಂದ ಹಿಡಿದು, ಹೃದಯದ ಕೆಳಕೋಣೆ ರಕ್ತ ತಳ್ಳದೆ ಬರೀ ಅದುರುವ ವಿಎಫ್‌ವರೆಗೆ ಎಲ್ಲಕ್ಕೂ ಬೇರು ಇವೆರಡೇ.

ಹಾಗೆಂದು ಮುಂಜಾಗ್ರತೆಗೆ ಎಲ್ಲರಿಗೂ ಲಯದ ಔಷಧಿ ಕೊಟ್ಟುಬಿಡುವಂತಿಲ್ಲ. ಒಂದು ಕಾಲದಲ್ಲಿ ಹಾರ್ಟ್ ಅಟ್ಯಾಕ್ ಎಂದರೆ ಲಿಗ್ನೋಕೇನ್ ಡ್ರಿಪ್ ಇದ್ದೇ ಇರುತ್ತಿತ್ತು. ಅದರಿಂದ ವಿಎಫ್ ಕಡಿಮೆಯಾದರೂ ಸಾವು ಕಡಿಮೆಯಾಗಲಿಲ್ಲ, ಆದ್ದರಿಂದ ಆ ಪದ್ಧತಿ ಬಿಟ್ಟುಹೋಯಿತು. 1989ರಲ್ಲಿ ಪ್ರಕಟವಾದ ಕ್ಯಾಸ್ಟ್ ಅಧ್ಯಯನ ಇನ್ನೂ ಕಟುವಾದ ಪಾಠ ಕಲಿಸಿತು. ಅಟ್ಯಾಕ್ ಆದವರ ಎಕ್ಸ್‌ಟ್ರಾ ಬಡಿತಗಳನ್ನು ಫ್ಲೆಕೈನೈಡ್, ಎನ್‌ಕೈನೈಡ್ ಮಾತ್ರೆಗಳಿಂದ ಅಡಗಿಸಿದಾಗ ಇಸಿಜಿ ಚೆನ್ನಾಯಿತು, ಸತ್ತವರ ಸಂಖ್ಯೆ ಹೆಚ್ಚಾಯಿತು.

ಇಂಜೆಕ್ಷನ್ ಎಳೆದುಕೊಳ್ಳುವ ಮುಂಚೆ

ಮೊದಲ ಕೆಲಸ ರಕ್ತನಾಳಕ್ಕೆ ಎರಡು ಲೈನ್, ಎರಡು ಕೈಗೂ ಒಂದೊಂದು, ಸಾಧ್ಯವಾದರೆ 18 ಗೇಜ್. ಎರಡೇಕೆ ಎಂದು ಕೇಳುವವರಿದ್ದಾರೆ. ಟೆನೆಕ್ಟೆಪ್ಲೇಸ್‌ಗೂ ಡೆಕ್ಸ್‌ಟ್ರೋಸ್‌ಗೂ ಆಗಿಬರುವುದಿಲ್ಲ, ಸೇರಿದರೆ ಲೈನಿನಲ್ಲೇ ಗಸಿ ಕಟ್ಟುತ್ತದೆ. ಮುಂದೆ ಬೇಕಾಗಬಹುದಾದ ಲಯದ ಔಷಧಿ ಅಮಿಯೊಡರೋನನ್ನು ಕಲಸುವುದು ಮಾತ್ರ 5% ಡೆಕ್ಸ್‌ಟ್ರೋಸ್‌ನಲ್ಲೇ. ಒಂದೇ ಲೈನ್ ಇದ್ದರೆ ಅರ್ಧ ದಾರಿಯಲ್ಲಿ ಪೇಚಾಡಬೇಕಾಗುತ್ತದೆ. ಟೆನೆಕ್ಟೆಪ್ಲೇಸ್ ಹೋಗುವ ಲೈನನ್ನು ಮೊದಲೂ ಆಮೇಲೂ ನಾರ್ಮಲ್ ಸಲೈನ್‌ನಿಂದ ಫ್ಲಶ್ ಮಾಡಿ. ಪುಡಿಗೆ ನೀರು ಹಾಕಿದ ಮೇಲೆ ವಯಲನ್ನು ಕುಲುಕಬೇಡಿ, ನೊರೆ ಬರುತ್ತದೆ. ಮೆಲ್ಲಗೆ ತಿರುಗಿಸಿದರೆ ಸಾಕು. ಇಂಜೆಕ್ಷನ್ ಆದ ಮೇಲೆ ಹೊಸ ಲೈನ್‌ಗಾಗಿ ಚುಚ್ಚಾಡಿದರೆ ರಕ್ತ ನಿಲ್ಲದೆ ಕಾಡುತ್ತದೆ. ಸ್ನಾಯುವಿಗೆ ಕೊಡುವ ಇಂಜೆಕ್ಷನ್‌ಗಳೂ ಬೇಡ.

ಡೋಸ್ ತೂಕದ ಮೇಲೆ: 60 ಕೆ.ಜಿ.ಗಿಂತ ಕಡಿಮೆ ಇದ್ದರೆ 30 ಮಿ.ಗ್ರಾಂ, 60ರಿಂದ 69ಕ್ಕೆ 35, 70ರಿಂದ 79ಕ್ಕೆ 40, 80ರಿಂದ 89ಕ್ಕೆ 45, 90 ಮತ್ತು ಮೇಲ್ಪಟ್ಟು 50. ವಯಸ್ಸು 75 ದಾಟಿದವರಿಗೆ ಅರ್ಧ ಡೋಸ್ ಕೊಡುವುದು ಈಗಿನ ರೂಢಿ.

ಎರಡನೆಯದು ಎದೆಯ ಮೇಲಿನ ಜಾಗ. ಮಾನಿಟರ್‌ನ ಎಲೆಕ್ಟ್ರೋಡ್‌ಗಳನ್ನು ಭುಜದ ಹತ್ತಿರಕ್ಕೂ ಪಕ್ಕೆಯ ಕೆಳಕ್ಕೂ ಸರಿಸಿ ಅಂಟಿಸಿ. ಬಲಗಡೆ ಕಾಲರ್ ಮೂಳೆಯ ಕೆಳಗೆ ಮತ್ತು ಎಡ ಕಂಕುಳ ಕೆಳಗೆ ಶಾಕ್ ಪ್ಯಾಡಿಗೆ ಜಾಗ ಖಾಲಿ ಇರಬೇಕು. ಅಲ್ಲಿ ಕೂದಲು ದಟ್ಟವಾಗಿದ್ದರೆ ಈಗಲೇ ಕ್ಲಿಪ್ಪರಿನಿಂದ ತೆಗೆಯಿರಿ. ಬ್ಲೇಡ್ ಬೇಡ, ಗೀರಿದ ಕಡೆ ರಕ್ತ ಜಿನುಗುತ್ತಲೇ ಇರುತ್ತದೆ. ಬೆವರು ಒರೆಸಿ. ಅಂಟಿಸುವ ಪ್ಯಾಡ್ ಇದ್ದರೆ ಹೊರಡುವ ಮುಂಚೆಯೇ ಅಂಟಿಸಿಬಿಡುವುದು ಜಾಣತನ. ಪ್ಯಾಡಲ್ ಮಾತ್ರ ಇದ್ದರೆ ಜೆಲ್ ಟ್ಯೂಬ್ ಒಣಗಿಲ್ಲವೆಂದು ಒತ್ತಿ ನೋಡಿ. ಸ್ಕ್ಯಾನಿಂಗ್ ಜೆಲ್ ಈ ಕೆಲಸಕ್ಕೆ ಬರುವುದಿಲ್ಲ.

ಮೂರನೆಯದು ಹೋಲಿಸಿ ನೋಡಲು ಒಂದು ಇಸಿಜಿ. ಇಂಜೆಕ್ಷನ್‌ಗೆ ಮುಂಚಿನ ಪೂರ್ತಿ ಇಸಿಜಿಯ ಮೇಲೆ ಸಮಯ ಬರೆದಿಡಿ. ಎರಡು, ಮೂರು, ಎವಿಎಫ್ ಲೀಡ್‌ಗಳಲ್ಲಿ ಎಸ್‌ಟಿ (ಬಡಿತದ ಚೂಪುಗೆರೆ ಆದೊಡನೆ ಬರುವ ಭಾಗ) ಎದ್ದಿದ್ದರೆ ಬಲ ಎದೆಯ ವಿ4ಆರ್ ಕೂಡ ತೆಗೆಯಿರಿ, ಅದರ ಉಪಯೋಗ ಕೆಳಗೆ ಬರುತ್ತದೆ. ಎಸ್‌ಟಿ ಅತಿ ಹೆಚ್ಚು ಎದ್ದಿರುವ ಲೀಡ್ ಯಾವುದು, ಎಷ್ಟು ಚಿಕ್ಕ ಚೌಕ ಎದ್ದಿದೆ ಎಂದು ಅದರ ಮೇಲೇ ಪೆನ್ನಿನಲ್ಲಿ ಬರೆಯಿರಿ.

ಲ್ಯಾಬ್‌ಗೆ ಪೊಟ್ಯಾಸಿಯಂ ಕಳಿಸಿ, ಆದರೆ ರಿಪೋರ್ಟ್‌ಗೆ ಕಾದು ಇಂಜೆಕ್ಷನ್ ತಡಮಾಡಬೇಡಿ. ಪೊಟ್ಯಾಸಿಯಂ 4ಕ್ಕಿಂತ ಕೆಳಗಿದ್ದರೆ ವಿಟಿ (ಕೆಳಕೋಣೆಯಿಂದ ಹುಟ್ಟಿ ವೇಗವಾಗಿ ಓಡುವ ಲಯ), ವಿಎಫ್‌ಗೆ ದಾರಿ ಸಲೀಸು. ಬಿಪಿಗೆಂದು ನೀರು ಇಳಿಸುವ ಮಾತ್ರೆ ತಿನ್ನುವವರು, ರಾತ್ರಿಯೆಲ್ಲ ವಾಂತಿ ಮಾಡಿಕೊಂಡವರಲ್ಲಿ ಇದು ಸಾಮಾನ್ಯ. ತುಂಬಿಸುವಾಗ ಕೈಯ ಲೈನಿನಲ್ಲಿ ಗಂಟೆಗೆ 10 ಮಿಲಿ ಈಕ್ವಿವಲೆಂಟ್ ಮೀರದಂತೆ, ಬಾಟಲಿನಲ್ಲಿ ಕಲಸಿ ಹನಿಸಬೇಕು. 15%ನ 10 ಮಿ.ಲೀ. ಆಂಪ್ಯೂಲಿನಲ್ಲಿ 20 ಮಿಲಿ ಈಕ್ವಿವಲೆಂಟ್ ಇರುತ್ತದೆ. ಅದನ್ನು ನೇರವಾಗಿ ತಳ್ಳಿದರೆ ಹೃದಯ ನಿಂತುಹೋಗುತ್ತದೆ.

ಅಗಲ ಬಡಿತ ಕಂಡರೆ ಚೌಕ ಎಣಿಸಿ

ಎಲ್ಲರನ್ನೂ ಗಾಬರಿಗೊಳಿಸುವ ಲಯ ಇದು. ನೋವು ಇಳಿಯುತ್ತಿದೆ, ರೋಗಿ ಮಾತಾಡುತ್ತಿದ್ದಾರೆ. ಅಷ್ಟರಲ್ಲಿ ಮಾನಿಟರ್‌ನ ಸಣ್ಣ ಸಣ್ಣ ಗೆರೆಗಳು ಅಗಲವಾಗಿ, ದಪ್ಪವಾಗಿ, ಒಂದೇ ಅಂತರದಲ್ಲಿ ಸಾಲುಗಟ್ಟುತ್ತವೆ. ನೋಡಿದವರು ವಿಟಿ ಎಂದು ಕೂಗುತ್ತಾರೆ, ಯಾರೋ ಅಮಿಯೊಡರೋನ್ ಒಡೆಯುತ್ತಾರೆ. ಎಷ್ಟೋ ಸಲ ಅದು ವಿಟಿ ಆಗಿರುವುದಿಲ್ಲ. ಎಐವಿಆರ್ ಎಂದು ಕರೆಯುವ, ಕೆಳಕೋಣೆಯಿಂದಲೇ ಹುಟ್ಟಿ ನಿಧಾನವಾಗಿ ನಡೆಯುವ ಲಯ. ರಕ್ತ ಮತ್ತೆ ಹರಿದ ಮೇಲೆ ಇದು ಬರುವುದು ಸಾಮಾನ್ಯ.

ಮೊದಲು ರೋಗಿಯ ಮುಖ, ನಾಡಿ, ಬಿಪಿ. ಆಮೇಲೆ ಪ್ರಿಂಟ್ ಬಟನ್ ಒತ್ತಿ ಕಾಗದದ ಪಟ್ಟಿ ತೆಗೆಯಿರಿ. ಪರದೆಯ ಮೇಲಿನ ಅಂಕಿ ನಂಬಬೇಡಿ, ಎತ್ತರದ ಟಿ ಅಲೆಯನ್ನೂ ಬಡಿತವೆಂದು ಎಣಿಸಿ ದುಪ್ಪಟ್ಟು ತೋರಿಸುವ ಮಾನಿಟರ್‌ಗಳಿವೆ. ಕಾಗದ ಸೆಕೆಂಡಿಗೆ 25 ಮಿ.ಮೀ. ಓಡುವಾಗ ಎರಡು ಬಡಿತಗಳ ನಡುವಿನ ದೊಡ್ಡ ಚೌಕಗಳನ್ನು ಎಣಿಸಿ 300ನ್ನು ಅದರಿಂದ ಭಾಗಿಸಿ. 5 ಚೌಕಕ್ಕೆ 60, 4ಕ್ಕೆ 75, 3ಕ್ಕೆ 100, ಎರಡೂವರೆಗೆ 120.

ಬಡಿತದ ಚೂಪುಗೆರೆ, ಅಂದರೆ ಕ್ಯೂಆರ್‌ಎಸ್, ಮೂರು ಚಿಕ್ಕ ಚೌಕಕ್ಕಿಂತ ಅಗಲವಿದ್ದು ವೇಗ 60ರಿಂದ 110ರೊಳಗೆ ಇದ್ದರೆ ಎಐವಿಆರ್ ಎಂದುಕೊಳ್ಳಬಹುದು. ಅದು ಥಟ್ಟನೆ ಶುರುವಾಗುವುದಿಲ್ಲ. ಮಾಮೂಲು ಬಡಿತದ ವೇಗಕ್ಕೆ ಸರಿಸಮನಾಗಿ ಬಂದು ಮೆಲ್ಲಗೆ ಮೇಲುಗೈ ಪಡೆಯುತ್ತದೆ. ಅದಕ್ಕೇ ಶುರುವಿನಲ್ಲೂ ಕೊನೆಯಲ್ಲೂ ಅರ್ಧ ಮಾಮೂಲು, ಅರ್ಧ ಅಗಲ ಎನಿಸುವ ಬೆರಕೆ ಬಡಿತ ಒಂದೆರಡು ಕಾಣುತ್ತವೆ. ಪಟ್ಟಿಯಲ್ಲಿ ಹುಡುಕಬೇಕಾದ್ದು ಅವನ್ನೇ. 120 ದಾಟಿದರೆ ವಿಟಿ ಎಂದೇ ನಡೆದುಕೊಳ್ಳಿ. ನಡುವಿನ ವೇಗವಾದರೆ, ಅನುಮಾನ ಬಂದರೆ, ಪಟ್ಟಿಯ ಫೋಟೋ ತೆಗೆದು ಹಬ್‌ಗೆ, ಅಂದರೆ ಸಲಹೆ ಕೊಡುವ ದೊಡ್ಡ ಕೇಂದ್ರಕ್ಕೆ, ಕಳಿಸಿ ಕೇಳಿ.

ಎಐವಿಆರ್‌ಗೆ ಚಿಕಿತ್ಸೆ ಎಂದರೆ ಸುಮ್ಮನೆ ನೋಡುತ್ತಿರುವುದು. ಕೆಲವು ಸೆಕೆಂಡಿನಿಂದ ಕೆಲವು ನಿಮಿಷದಲ್ಲಿ ತಾನಾಗಿಯೇ ಹೋಗುತ್ತದೆ, ಮತ್ತೆ ಬಂದರೂ ಹಾಗೇ ಹೋಗುತ್ತದೆ. ಅಮಿಯೊಡರೋನ್ ಆಗಲಿ ಲಿಗ್ನೋಕೇನ್ ಆಗಲಿ ಕೊಟ್ಟರೆ ಆಗುವ ಅನಾಹುತವೇ ಬೇರೆ. ಬಡಿತ ಹುಟ್ಟಿಸುವ ಹೃದಯದ್ದೇ ಆದ ಮೇಲಿನ ಪೇಸ್‌ಮೇಕರ್ ಮಂಕಾಗಿದ್ದು, ಈ ಅಗಲ ಬಡಿತವೇ ಆ ಹೊತ್ತಿಗೆ ರೋಗಿಯನ್ನು ನಡೆಸುತ್ತಿದ್ದರೆ, ಅದನ್ನು ಅಡಗಿಸಿದ ಮೇಲೆ ಉಳಿಯುವುದು ನೇರ ಗೆರೆ. ಅಪರೂಪಕ್ಕೆ ಬಿಪಿ ಇಳಿದರೆ ಅಟ್ರೋಪಿನ್ ಕೊಟ್ಟು ಮೇಲಿನ ಪೇಸ್‌ಮೇಕರ್‌ನ ವೇಗ ಹೆಚ್ಚಿಸಿದರೆ ಅದೇ ಲಗಾಮು ಹಿಡಿಯುತ್ತದೆ.

ಇಲ್ಲೆರಡು ಮೋಸಗಳಿವೆ. ಮೊದಲೇ ಬಂಡಲ್ ಬ್ರಾಂಚ್ ಬ್ಲಾಕ್ (ಹೃದಯದ ವಿದ್ಯುತ್ ಕವಲಿನಲ್ಲಿ ತಡೆ) ಇದ್ದವರಿಗೆ ಎಲ್ಲಾ ಬಡಿತವೂ ಅಗಲವೇ. ಹಳೆಯ ಇಸಿಜಿ ಪಕ್ಕಕ್ಕಿಟ್ಟು ನೋಡಿದರೆ ತಿಳಿಯುತ್ತದೆ. ಇನ್ನೊಂದು ಕಿಡ್ನಿ ಕೆಟ್ಟವರಲ್ಲಿ ಪೊಟ್ಯಾಸಿಯಂ ಏರಿ ಆಗುವ ಅಗಲ, ನಿಧಾನದ ಲಯ. ಟಿ ಅಲೆ ಚೂಪಾಗಿ ಎದ್ದಿದ್ದರೆ, ಡಯಾಲಿಸಿಸ್ ಮಾಡಿಸಿಕೊಳ್ಳುವವರಾಗಿದ್ದರೆ ಅದನ್ನು ಎಐವಿಆರ್ ಎಂದು ಸುಮ್ಮನೆ ಕೂರಬಾರದು, ಕ್ಯಾಲ್ಸಿಯಂ ಗ್ಲುಕೋನೇಟ್ ಬೇಕಾಗುತ್ತದೆ.

ಒಂಟೊಂಟಿ ಎಕ್ಸ್‌ಟ್ರಾ ಬಡಿತ, ಜೋಡಿ ಬಡಿತ, ಮೂವತ್ತು ಸೆಕೆಂಡಿನೊಳಗೆ ತಾನೇ ನಿಲ್ಲುವ ವಿಟಿಯ ಸಣ್ಣ ಓಟ, ಇವಕ್ಕೂ ಲಯದ ಔಷಧಿ ಬೇಡ. ಪೊಟ್ಯಾಸಿಯಂ, ಮೆಗ್ನೀಸಿಯಂ ಸರಿಮಾಡಿ, ನೋವಿದ್ದರೆ ಇಳಿಸಿ, ಕಣ್ಣಿಟ್ಟಿರಿ.

ಬಡಿತ ದಿಢೀರನೆ ಇಳಿದರೆ

ಹೃದಯದ ತಳಭಾಗದ ಅಟ್ಯಾಕ್‌ನಲ್ಲಿ, ಅಂದರೆ ಎರಡು, ಮೂರು, ಎವಿಎಫ್‌ನಲ್ಲಿ ಎಸ್‌ಟಿ ಎದ್ದವರಲ್ಲಿ, ಬಲ ಕರೋನರಿ ತೆರೆದ ಹೊತ್ತಿಗೆ ಇನ್ನೊಂದು ಬಗೆಯ ಆಟ ನಡೆಯುತ್ತದೆ. ಬಡಿತ 80ರಿಂದ 40ಕ್ಕೆ ಬೀಳುತ್ತದೆ, ಬಿಪಿ ಜೊತೆಗೇ ಕುಸಿಯುತ್ತದೆ. 'ಕಣ್ಣು ಕತ್ಲೆ ಬತ್ತದೆ, ವಾಂತಿ ಬಂದಂಗಾಯ್ತದೆ' ಎನ್ನುತ್ತಾರೆ, ಮೈಯೆಲ್ಲ ತಣ್ಣನೆ ಬೆವರು. ಹೃದಯದ ಕೆಳಗೋಡೆಯ ನರತುದಿಗಳು ವೇಗಸ್ ನರವನ್ನು ಕೆರಳಿಸುವುದರಿಂದ ಹೀಗಾಗುತ್ತದೆ. ನೋಡಲು ಭಯಂಕರ, ಆದರೆ ಕ್ರಮವಾಗಿ ಮಾಡಿದರೆ ನಿಮಿಷಗಳಲ್ಲಿ ಸುಧಾರಿಸುತ್ತದೆ.

ತಲೆದಿಂಬು ತೆಗೆದು ಕಾಲು ಎತ್ತಿ. ಶ್ವಾಸಕೋಶದಲ್ಲಿ ನೀರಿನ ಸದ್ದು ಇಲ್ಲದಿದ್ದರೆ ನಾರ್ಮಲ್ ಸಲೈನ್ 250 ಮಿ.ಲೀ. ಬೇಗನೆ ಬಿಡಿ. ಅಟ್ರೋಪಿನ್ 1 ಮಿ.ಗ್ರಾಂ ಒಂದೇ ಸಲ ತಳ್ಳಿ. ನಮ್ಮಲ್ಲಿ ಸಾಮಾನ್ಯವಾಗಿ ಸಿಗುವ ಆಂಪ್ಯೂಲ್ 1 ಮಿ.ಲೀ.ಗೆ 0.6 ಮಿ.ಗ್ರಾಂನದು. ಹಾಗಾಗಿ ಎರಡು ಒಡೆದು ಸುಮಾರು 1.7 ಮಿ.ಲೀ. ಎಳೆದುಕೊಳ್ಳಬೇಕು, ಲೇಬಲ್ ಓದಿಯೇ ಲೆಕ್ಕ ಹಾಕಿ. ಅರ್ಧ ಮಿ.ಗ್ರಾಂಗಿಂತ ಕಡಿಮೆ ಕೊಟ್ಟರೆ ಬಡಿತ ಇನ್ನೂ ಇಳಿಯುವ ಸಂಭವವಿದೆ. 3ರಿಂದ 5 ನಿಮಿಷಕ್ಕೊಮ್ಮೆ ಮತ್ತೆ ಕೊಡಬಹುದು, ಒಟ್ಟು 3 ಮಿ.ಗ್ರಾಂ ಮೀರದಂತೆ.

ವಿ4ಆರ್‌ನ ಉಪಯೋಗ ಇಲ್ಲಿ. ಅಲ್ಲಿ ಎಸ್‌ಟಿ ಎದ್ದಿದ್ದರೆ ಬಲಗಡೆಯ ಕೋಣೆಗೂ ಪೆಟ್ಟು ಬಿದ್ದಿದೆ ಎಂದರ್ಥ. ಆ ಹೃದಯ ತುಂಬಿದ ನೀರಿನ ಮೇಲೆಯೇ ನಡೆಯುವುದು. ನಾಲಿಗೆಯಡಿ ಸಾರ್ಬಿಟ್ರೇಟ್, ನೈಟ್ರೋಗ್ಲಿಸರಿನ್, ಫ್ರೂಸೆಮೈಡ್ ಯಾವುದೂ ಬೇಡ. 'ಎದೆನೋವು ತಾನೆ' ಎಂದು ಇಟ್ಟ ಒಂದು ಸಾರ್ಬಿಟ್ರೇಟ್‌ಗೆ ಬಿಪಿ ಪಾತಾಳಕ್ಕಿಳಿದ ರೋಗಿಗಳು ರೆಫರ್ ಆಗಿ ಬರುವುದು ಇವತ್ತಿಗೂ ನಿಂತಿಲ್ಲ.

ಟೆನೆಕ್ಟೆಪ್ಲೇಸ್ ಬದಲು ಸ್ಟ್ರೆಪ್ಟೋಕೈನೇಸ್ 15 ಲಕ್ಷ ಯೂನಿಟ್ ಡ್ರಿಪ್ ಹೋಗುತ್ತಿದ್ದರೆ ಆ ಔಷಧಿಯಿಂದಲೇ ಬಿಪಿ ಇಳಿಯಬಹುದು. ಆಗ ಹನಿಯ ವೇಗ ತಗ್ಗಿಸಿ ಅಥವಾ ಸ್ವಲ್ಪ ಹೊತ್ತು ನಿಲ್ಲಿಸಿ, ಕಾಲು ಎತ್ತಿ, ಬಿಪಿ ಏರಿದ ಮೇಲೆ ಮುಂದುವರಿಸಿ.

ಮೇಲಿನ ಕೋಣೆಯ ವಿದ್ಯುತ್ ಕೆಳಕೋಣೆಗೆ ತಲುಪದ ಸಂಪೂರ್ಣ ಹಾರ್ಟ್ ಬ್ಲಾಕ್ ಆದರೆ ಅಟ್ಯಾಕ್ ಎಲ್ಲಿ ಆಗಿದೆ ಎಂಬುದರ ಮೇಲೆ ಮುಂದಿನ ದಾರಿ ಬೇರೆಯಾಗುತ್ತದೆ. ತಳಭಾಗದ್ದಾದರೆ ಬ್ಲಾಕ್ ಇರುವುದು ಮೇಲಿನ ಎವಿ ನೋಡ್‌ನಲ್ಲಿ, ಬಡಿತ ಕಿರಿದಾಗಿ 40ರ ಮೇಲಿರುತ್ತದೆ, ಬಹುತೇಕ ತಾತ್ಕಾಲಿಕ. ಮುಂಭಾಗದ ಅಟ್ಯಾಕ್‌ನಲ್ಲಿ ಅಗಲವಾದ, 30ರ ಆಸುಪಾಸಿನ ಬಡಿತ ಬಂದರೆ ಬ್ಲಾಕ್ ಕೆಳಗಿನ ಕವಲುಗಳಲ್ಲಿದೆ. ಅಟ್ರೋಪಿನ್‌ನಿಂದ ಅದು ಸಾಮಾನ್ಯವಾಗಿ ಬಗ್ಗುವುದಿಲ್ಲ. ಶಾಕ್ ಕೊಡುವ ಯಂತ್ರವಾದ ಡಿಫಿಬ್ರಿಲೇಟರ್‌ನಲ್ಲಿ ಹೊರಗಿನಿಂದ ಬಡಿತ ನಡೆಸುವ ಪೇಸಿಂಗ್ ಸೌಲಭ್ಯವಿದ್ದರೆ ಪ್ಯಾಡ್ ಅಂಟಿಸಿ ಶುರುಮಾಡಿ, ಇಲ್ಲವಾದರೆ ವೈದ್ಯರು ಅಡ್ರಿನಲಿನ್ ಡ್ರಿಪ್ ನಿಮಿಷಕ್ಕೆ 2ರಿಂದ 10 ಮೈಕ್ರೋಗ್ರಾಂ ಲೆಕ್ಕದಲ್ಲಿ ನಡೆಸುತ್ತಾರೆ. ಈ ರೋಗಿ ತಾಲ್ಲೂಕಿನಲ್ಲಿ ಒಂದು ನಿಮಿಷವೂ ಹೆಚ್ಚು ಇರಬಾರದು.

ಬಿಡಬಾರದ ಲಯಗಳು

ವಿಟಿ ಇದ್ದು ನಾಡಿಯೂ ಸಿಗುತ್ತಿದೆ, ಮೇಲಿನ ಬಿಪಿ 90ರ ಮೇಲಿದೆ, ಮಾತು ಸರಿಯಿದೆ ಎಂದಾದರೆ ಅಮಿಯೊಡರೋನ್ 150 ಮಿ.ಗ್ರಾಂ, ಅಂದರೆ 3 ಮಿ.ಲೀ.ನ ಒಂದು ಆಂಪ್ಯೂಲನ್ನು, 100 ಮಿ.ಲೀ. 5% ಡೆಕ್ಸ್‌ಟ್ರೋಸ್‌ನಲ್ಲಿ ಬೆರೆಸಿ 10 ನಿಮಿಷದಲ್ಲಿ ಬಿಡಬೇಕು. ಅವಸರದಲ್ಲಿ ಎರಡು ನಿಮಿಷಕ್ಕೇ ಬಿಟ್ಟರೆ ಬಿಪಿ ಬೀಳುತ್ತದೆ. ಆಮೇಲೆ ನಿಮಿಷಕ್ಕೆ 1 ಮಿ.ಗ್ರಾಂನಂತೆ 6 ಗಂಟೆ, ಅರ್ಧ ಮಿ.ಗ್ರಾಂನಂತೆ 18 ಗಂಟೆ.

ಬಿಪಿ ಕುಸಿದಿದ್ದರೆ, ರೋಗಿ ಮಂಪರಿನಲ್ಲಿದ್ದರೆ, ಉಸಿರು ಕಟ್ಟುತ್ತಿದ್ದರೆ ಔಷಧಿಗೆ ಕಾಯುವಂತಿಲ್ಲ. ಎಚ್ಚರವಿದ್ದರೆ ಮಿಡಾಜೊಲಾಮ್ ಸ್ವಲ್ಪ ಕೊಟ್ಟು ಸಿಂಕ್ ಒತ್ತಿ 100 ಜೌಲ್ ಶಾಕ್. ಸಿಂಕ್ ಆನ್ ಇದ್ದಾಗ ಪ್ರತಿ ಬಡಿತದ ತುದಿಯಲ್ಲಿ ಗುರುತು ಕಾಣಬೇಕು. ಬಟನನ್ನು ಶಾಕ್ ಆಗುವವರೆಗೆ ಒತ್ತಿ ಹಿಡಿಯಬೇಕು, ಯಂತ್ರ ಬಡಿತಕ್ಕೆ ಹೊಂದಿಸಿಕೊಂಡು ಹೊಡೆಯಲು ಒಂದು ಕ್ಷಣ ತೆಗೆದುಕೊಳ್ಳುತ್ತದೆ. ಒಂದು ಶಾಕ್ ಆದೊಡನೆ ಹಲವು ಯಂತ್ರಗಳಲ್ಲಿ ಸಿಂಕ್ ತಾನಾಗಿ ಆಫ್ ಆಗುತ್ತದೆ. ಎರಡನೇ ಶಾಕ್ ಬೇಕಾದರೆ ಮತ್ತೆ ಒತ್ತಬೇಕು.

ಇನ್ನು ವಿಎಫ್. ಪರದೆಯ ಮೇಲೆ ಗೊತ್ತುಗುರಿಯಿಲ್ಲದ ಅಲೆ, ರೋಗಿ ಕರೆದರೆ ಓಗೊಡುವುದಿಲ್ಲ, ನಾಡಿ ಇಲ್ಲ. ಇಲ್ಲಿ ಸಿಂಕ್ ಆಫ್ ಇರಲೇಬೇಕು. ಮುಂಚೆ ವಿಟಿಗೆಂದು ಆನ್ ಮಾಡಿದ್ದು ಹಾಗೇ ಉಳಿದಿದ್ದರೆ ಯಂತ್ರ ಇಲ್ಲದ ಬಡಿತಕ್ಕಾಗಿ ಕಾಯುತ್ತಾ ಕೂರುತ್ತದೆ, ಎಷ್ಟು ಒತ್ತಿದರೂ ಶಾಕ್ ಬಿಡುವುದಿಲ್ಲ. 'ಮಷಿನ್ ಕೆಟ್ಟಿದೆ' ಎನ್ನುವ ದೂರುಗಳಲ್ಲಿ ಕೆಲವು ಇವೇ. ಆಕ್ಸಿಜನ್ ಮಾಸ್ಕ್ ತೆಗೆದು ಎದೆಯಿಂದ ಮಾರುದ್ದ ದೂರವಿಡಿ, ಎಲ್ಲರೂ ಮಂಚದಿಂದ ಸರಿದಿರುವುದನ್ನು ಕಣ್ಣಾರೆ ನೋಡಿ, ಬೈಫೇಸಿಕ್ ಯಂತ್ರದಲ್ಲಿ 200 ಜೌಲ್ ಅಥವಾ ಯಂತ್ರದ ಮೇಲೆ ನಮೂದಾಗಿರುವಷ್ಟು ಕೊಡಿ.

ಶಾಕ್ ಆದ ಮೇಲೆ ಪರದೆ ನೋಡುತ್ತಾ ನಿಲ್ಲಬೇಡಿ. ತಕ್ಷಣ ಎದೆ ಒತ್ತಲು ಶುರುಮಾಡಿ: ನಿಮಿಷಕ್ಕೆ 100ರಿಂದ 120, ಆಳ 5ರಿಂದ 6 ಸೆಂ.ಮೀ., ಎರಡು ನಿಮಿಷ ಬಿಡದೆ. ಆಮೇಲೆ ಲಯ ನೋಡಿ, ವಿಎಫ್ ಇದ್ದರೆ ಮತ್ತೆ ಶಾಕ್. ಎರಡನೇ ಶಾಕ್ ನಂತರ ಅಡ್ರಿನಲಿನ್ 1 ಮಿ.ಗ್ರಾಂ, 3ರಿಂದ 5 ನಿಮಿಷಕ್ಕೊಮ್ಮೆ. ಮೂರನೇ ಶಾಕ್ ನಂತರ ಅಮಿಯೊಡರೋನ್ 300 ಮಿ.ಗ್ರಾಂ ಒಂದೇ ಸಲ, ಬೇಕಾದರೆ ಮುಂದೆ 150. ಹೆಪ್ಪು ಕರಗಿಸುವ ಇಂಜೆಕ್ಷನ್ ಕೊಟ್ಟಿದ್ದೇವೆ, ಎದೆ ಒತ್ತಿದರೆ ರಕ್ತಸ್ರಾವವಾದೀತು ಎಂದು ಹಿಂಜರಿಯುವವರಿದ್ದಾರೆ. ನಾಡಿ ಇಲ್ಲದವರಿಗೆ ಆ ಲೆಕ್ಕಾಚಾರವೇ ಬೇಡ.

ಅಲೆಯ ಎತ್ತರ ಕ್ಷಣಕ್ಕೊಂದು ಬಗೆಯಾಗಿ ತಿರುಚಿಕೊಳ್ಳುವ ವಿಟಿ ಬಂದರೆ ನಾಳ ಮತ್ತೆ ಮುಚ್ಚಿಕೊಳ್ಳುತ್ತಿರಬಹುದು ಎಂದು ಅನುಮಾನಿಸಿ. ನೋವು ಮರುಕಳಿಸಿದೆಯೇ ಕೇಳಿ, ಇಸಿಜಿ ತೆಗೆಯಿರಿ. ಇಸಿಜಿಯ ಕ್ಯೂಟಿ (ಕ್ಯೂಆರ್‌ಎಸ್ ಶುರುವಿನಿಂದ ಟಿ ಅಲೆಯ ಕೊನೆವರೆಗಿನ ಅಂತರ) ಉದ್ದವಾಗಿದ್ದರೆ ಮೆಗ್ನೀಸಿಯಂ ಸಲ್ಫೇಟ್ 2 ಗ್ರಾಂ ಕೊಡಬೇಕು. 50%ನ 2 ಮಿ.ಲೀ. ಆಂಪ್ಯೂಲ್ 1 ಗ್ರಾಂ, ಅಂದರೆ ಎರಡು ಆಂಪ್ಯೂಲ್, ಕಲಸಿಯೇ.

ರಸ್ತೆಯ ಮೇಲೆ

ಹೊರಡುವ ಮುಂಚೆ ಮೂತ್ರ ಮಾಡಿಸಿ, ಮಲಗಿದಲ್ಲೇ. ಎದ್ದು ಹೋಗಿ ತಿಣುಕುವಾಗ ಬಡಿತ ಬೀಳುವುದುಂಟು. ಡಿಫಿಬ್ರಿಲೇಟರ್‌ನ ಬ್ಯಾಟರಿ, ಪ್ರಿಂಟರ್ ಕಾಗದ ನೋಡಿ. ಅಟ್ರೋಪಿನ್, ಅಮಿಯೊಡರೋನ್, ಅಡ್ರಿನಲಿನ್, ಡೆಕ್ಸ್‌ಟ್ರೋಸ್, ಸಿರಿಂಜ್ ಒಂದೇ ಟ್ರೇಯಲ್ಲಿ ಕೈಗೆಟುಕುವಂತಿರಲಿ. ಆಕ್ಸಿಜನ್ ಬೇಕಿರುವುದು ಸ್ಯಾಚುರೇಶನ್ 90ಕ್ಕಿಂತ ಕೆಳಗಿಳಿದರೆ ಮಾತ್ರ.

ಗಾಡಿ ಹಂಪ್ ಹತ್ತಿದರೆ ಪರದೆಯಲ್ಲಿ ವಿಎಫ್‌ನಂಥದೇ ಗೊಂದಲ ಕಾಣುತ್ತದೆ. ಹಲ್ಲು ಕಟಕಟಿಸುವ ಚಳಿ, ಸಡಿಲವಾದ ಲೀಡ್ ಕೂಡ ಅದನ್ನೇ ಮಾಡುತ್ತವೆ. ಆಗ ಕಣ್ಣು ಹಾಯಿಸಬೇಕಾದ್ದು ಬೆರಳಿನ ಸ್ಯಾಚುರೇಶನ್ ಅಲೆಯ ಕಡೆಗೆ. ಇಸಿಜಿ ಗೆರೆ ಹುಚ್ಚಾಗಿದ್ದರೂ ಬೆರಳಿನ ಅಲೆ ಲಯಬದ್ಧವಾಗಿ ಬರುತ್ತಿದ್ದು ರೋಗಿ ಮಾತಾಡುತ್ತಿದ್ದರೆ ಅದು ರಸ್ತೆಯ ಕುಲುಕಾಟ. ಇಸಿಜಿ ಗೆರೆ ಹುಚ್ಚಾಗಿರುವಾಗಲೇ ಬೆರಳಿನ ಅಲೆ ಮಲಗಿ ರೋಗಿಯೂ ಓಗೊಡದಿದ್ದರೆ ನಿಜವಾದ ವಿಎಫ್. ಗಾಡಿ ಪಕ್ಕಕ್ಕೆ ನಿಲ್ಲಿಸಿಯೇ ಶಾಕ್ ಕೊಡಿ. ಓಡುವ ಗಾಡಿಯಲ್ಲಿ, ತಾನೇ ಲಯ ಓದಿ ಶಾಕ್ ಹೇಳುವ ಎಇಡಿ ಯಂತ್ರ ಲಯವನ್ನು ಸರಿಯಾಗಿ ಓದಲಾರದು, ಎದೆ ಒತ್ತುವವರೂ ಆಯ ತಪ್ಪುತ್ತಾರೆ.

ಕಬ್ಬು ಕಡಿಯುವ ಕಾಲದಲ್ಲಿ ಮಂಡ್ಯ, ಪಾಂಡವಪುರದ ಕಾರ್ಖಾನೆ ರಸ್ತೆಗಳಲ್ಲಿ ಲೋಡ್ ಟ್ರ್ಯಾಕ್ಟರುಗಳ ಸಾಲು ಸಿಕ್ಕರೆ ಅರ್ಧ ಗಂಟೆ ಅಲ್ಲೇ ಹೋಗುತ್ತದೆ. ದಾರಿ ಮೊದಲೇ ಗೊತ್ತುಮಾಡಿಕೊಳ್ಳಿ. ನಾಗಮಂಗಲದ ಕಡೆಯಿಂದ ಬರುವಾಗ ನಡುವೆ ಪಾಂಡವಪುರ, ಶ್ರೀರಂಗಪಟ್ಟಣದ ತಾಲ್ಲೂಕು ಆಸ್ಪತ್ರೆಗಳಿವೆ. ಲಯ ಹತೋಟಿಗೆ ಬರದಿದ್ದರೆ ಅಲ್ಲಿ ನಿಲ್ಲಿಸುವುದರಲ್ಲಿ ತಪ್ಪಿಲ್ಲ.

ಇಂಜೆಕ್ಷನ್ ಕೊಟ್ಟು 60ರಿಂದ 90 ನಿಮಿಷಕ್ಕೆ ಎಲ್ಲಿದ್ದೀರೋ ಅಲ್ಲೇ ಗಾಡಿ ನಿಲ್ಲಿಸಿ ಪೂರ್ತಿ ಇಸಿಜಿ ತೆಗೆಯಿರಿ. ಮೊದಲು ಪೆನ್ನಿನಲ್ಲಿ ಬರೆದ ಅದೇ ಲೀಡ್ ನೋಡಿ. 6 ಚಿಕ್ಕ ಚೌಕ ಎದ್ದಿದ್ದು 3 ಅಥವಾ ಅದಕ್ಕಿಂತ ಕೆಳಗಿಳಿದು ನೋವೂ ಹೋಗಿದ್ದರೆ ನಾಳ ತೆರೆದಿರುವ ಸಂಭವ ಹೆಚ್ಚು. ಅಂಥವರಿಗೆ ಆಂಜಿಯೋಗ್ರಾಂ 2ರಿಂದ 24 ಗಂಟೆಯೊಳಗೆ. ಅರ್ಧಕ್ಕಿಳಿದಿಲ್ಲ, ನೋವೂ ಹಾಗೇ ಇದೆ ಎಂದರೆ ಇಂಜೆಕ್ಷನ್ ಕೆಲಸ ಮಾಡಿಲ್ಲ. ಆಗ ಫೋನ್ ಮಾಡಿ ಹೇಳಿ, ರೋಗಿ ವಾರ್ಡಿಗಲ್ಲ, ನೇರ ಕ್ಯಾತ್ ಲ್ಯಾಬ್‌ಗೆ ಹೋಗಬೇಕು. 'ಎಐವಿಆರ್ ಬಂತಲ್ಲ, ನಾಳ ತೆರೆದಿದೆ' ಎಂದು ಅದೊಂದನ್ನೇ ನೆಚ್ಚಿಕೊಳ್ಳಬೇಡಿ. ತೆರೆಯದ ನಾಳದಲ್ಲೂ ಅದು ಬರುವುದುಂಟು.

ಒಪ್ಪಿಸುವಾಗ ಎರಡೂ ಇಸಿಜಿ, ಲಯ ಕೆಟ್ಟಾಗ ತೆಗೆದ ಪಟ್ಟಿ, ಪ್ರತಿ ಔಷಧಿಯ ಸಮಯ ಕೊಡಿ. ಬಾಯಲ್ಲಿ 'ದಾರಿಲಿ ವಿಟಿ ಆಯ್ತು' ಎಂದರೆ ಸಾಲದು. ಅದು ಎಐವಿಆರೋ ವಿಟಿಯೋ ಎಂಬುದರ ಮೇಲೆ ಮುಂದಿನ ಔಷಧಿ ನಿಂತಿದೆ.

ಮುಂದಿನ 48 ಗಂಟೆ

ನೇರ ಆಂಜಿಯೋಪ್ಲಾಸ್ಟಿಗೆ ಹೋದವರಲ್ಲಿ ಇದೇ ಲಯಗಳು ಬಲೂನ್ ಉಬ್ಬಿಸಿ ರಕ್ತ ಬಿಟ್ಟ ಕೆಲವೇ ನಿಮಿಷಗಳಲ್ಲಿ, ಎಲ್ಲ ಸಿದ್ಧತೆ ಇರುವ ಕೋಣೆಯಲ್ಲೇ ಬಂದುಹೋಗುತ್ತವೆ. ಯಾವ ದಾರಿಯಲ್ಲಿ ಹೋದರೂ ಆಮೇಲೆ ಕನಿಷ್ಠ 24 ಗಂಟೆ ಮಾನಿಟರ್ ಬೇಕು. ವಿಎಫ್ ಮೊದಲ 48 ಗಂಟೆಯೊಳಗೆ ಆದರೆ ಅದನ್ನು ಅಟ್ಯಾಕ್‌ನದೇ ಭಾಗವೆಂದು ನೋಡುತ್ತಾರೆ, ಅದೊಂದಕ್ಕೇ ಐಸಿಡಿ (ಎದೆಯೊಳಗಿದ್ದು ಲಯ ಕೆಟ್ಟಾಗ ತಾನೇ ಶಾಕ್ ಕೊಡುವ ಯಂತ್ರ) ಹಾಕುವುದಿಲ್ಲ. 48 ಗಂಟೆ ಕಳೆದ ಮೇಲೆ, ಹೊಸದಾಗಿ ನಾಳ ಮುಚ್ಚದೆಯೂ ವಿಟಿ, ವಿಎಫ್ ಬಂದರೆ ಗಾಯದ ಕಲೆಯೇ ಕಾರಣವೆಂದು ಐಸಿಡಿ ಮಾತು ಬರುತ್ತದೆ.

ಮೆಟೊಪ್ರೊಲಾಲ್ ಮಾತ್ರೆಯನ್ನು ಬಿಪಿ, ಉಸಿರು ಸರಿಯಿದ್ದವರಿಗೆ ಮೊದಲ 24 ಗಂಟೆಯೊಳಗೆ ಶುರುಮಾಡುತ್ತಾರೆ. ಲಯದ ಔಷಧಿಗಳಲ್ಲಿ ಮುಂದೆ ಆಯಸ್ಸಿಗೆ ನೆರವಾಗುವುದು ಇದೇ. ಆದರೆ ಬಿಪಿ ಕಡಿಮೆಯಿದ್ದವರಿಗೆ, ಹೃದಯ ಸೋತವರಿಗೆ ಅದನ್ನೇ ರಕ್ತನಾಳಕ್ಕೆ ಚುಚ್ಚಿದರೆ ಹೃದಯ ಸೋತು ರಕ್ತಪರಿಚಲನೆ ಕುಸಿಯುವ ಸ್ಥಿತಿಗೆ ಜಾರುತ್ತಾರೆ ಎಂಬುದನ್ನು 2005ರ ಕಮಿಟ್ ಅಧ್ಯಯನ ತೋರಿಸಿದೆ.

ಮನೆಗೆ ಕರೆದುಕೊಂಡು ಬಂದ ಮೇಲೆ

ಡಿಸ್ಚಾರ್ಜ್ ಕಾಗದದಲ್ಲಿ ಎಕೋ ರಿಪೋರ್ಟಿನ ಇಎಫ್ ಅಂಕಿ (ಪ್ರತಿ ಬಡಿತಕ್ಕೆ ಹೃದಯ ಶೇಕಡಾ ಎಷ್ಟು ರಕ್ತ ಹೊರತಳ್ಳುತ್ತದೆ ಎಂಬುದು) ಇದೆಯೇ ನೋಡಿಕೊಳ್ಳಿ. ಅದು 35 ಅಥವಾ ಕೆಳಗಿದ್ದರೆ 40 ದಿನ ಕಳೆದು, ಸ್ಟೆಂಟ್ ಹಾಕಿದ್ದರೆ ಮೂರು ತಿಂಗಳಿಗೆ, ಮತ್ತೆ ಎಕೋ ಮಾಡಿಸಲೇಬೇಕು. ಆಗಲೂ ಏರಿರದಿದ್ದರೆ ಐಸಿಡಿ ಬೇಕೇ ಎಂದು ಡಾಕ್ಟರೇ ಹೇಳುತ್ತಾರೆ. ಹೇಳದಿದ್ದರೆ ನೀವೇ ಕೇಳಿ. 'ಆರಾಮಾಗವ್ರೆ, ಮತ್ಯಾಕೆ ಸ್ಕ್ಯಾನು' ಎಂದು ಈ ಎಕೋ ತಪ್ಪಿಸುವವರೇ ಹೆಚ್ಚು.

ಆಸ್ಪಿರಿನ್, ಕ್ಲೊಪಿಡೊಗ್ರೆಲ್ ಅಥವಾ ಟಿಕಾಗ್ರೆಲಾರ್ ಅನ್ನು ಹಲ್ಲು ಕೀಳಿಸಲೂ ನೀವಾಗಿಯೇ ನಿಲ್ಲಿಸಬೇಡಿ. ಸ್ಟೆಂಟ್ ಮುಚ್ಚಿದರೆ ಮೇಲೆ ಹೇಳಿದ್ದೆಲ್ಲ ಮೊದಲಿನಿಂದ. ಅಮಿಯೊಡರೋನ್ ಮಾತ್ರೆ ಇದ್ದವರು ಆರು ತಿಂಗಳಿಗೊಮ್ಮೆ ಥೈರಾಯ್ಡ್, ಲಿವರ್ ರಕ್ತಪರೀಕ್ಷೆ ಮಾಡಿಸಬೇಕು. ಅಂಥವರು ನೆಗಡಿ, ಹೊಟ್ಟೆ ಕೆಟ್ಟಿತೆಂದು ಮೆಡಿಕಲ್ ಸ್ಟೋರಿನಲ್ಲಿ ಕೇಳಿ ಅಜಿತ್ರೊಮೈಸಿನ್, ಡೊಂಪೆರಿಡೋನ್ ತಂದು ತಿನ್ನಬಾರದು. ಇವು ಒಟ್ಟು ಸೇರಿದರೆ ಕ್ಯೂಟಿ ಉದ್ದವಾಗಿ ಲಯ ತಪ್ಪಬಹುದು.

ಎಳನೀರಿನ ವಿಷಯ ಎಲ್ಲರೂ ಕೇಳುತ್ತಾರೆ. ಮದ್ದೂರಿನ ಸೀಮೆಯಲ್ಲಿ ರೋಗಿಯನ್ನು ನೋಡಲು ಬಂದವರೆಲ್ಲ ತರುವುದೂ ಅದನ್ನೇ. ಅದರಲ್ಲಿ ಪೊಟ್ಯಾಸಿಯಂ ಹೇರಳ. ಕಿಡ್ನಿ ಚೆನ್ನಾಗಿದ್ದವರು ಆಗೊಮ್ಮೆ ಕುಡಿದರೆ ಅಡ್ಡಿಯಿಲ್ಲ. ಕ್ರಿಯಾಟಿನಿನ್ ಏರಿದ್ದು, ರಾಮಿಪ್ರಿಲ್, ಸ್ಪೈರೊನೊಲ್ಯಾಕ್ಟೋನ್ ಕೂಡ ತಿನ್ನುತ್ತಿದ್ದರೆ ದಿನಾ ಎರಡು ಎಳನೀರು ಹೃದಯದ ಲಯಕ್ಕೇ ಕುತ್ತು. ಅಂಥವರಿಗೆ ರಕ್ತದ ಪೊಟ್ಯಾಸಿಯಂ ನೋಡದೆ ಕೊಡಬೇಡಿ.

ಎದೆ ಒಮ್ಮೊಮ್ಮೆ ಡವಕ್ಕೆಂದು ಒಂದು ಬಡಿತ ತಪ್ಪಿದಂತಾದರೆ ಹೆದರಬೇಕಿಲ್ಲ, ಮುಂದಿನ ಭೇಟಿಯಲ್ಲಿ ಹೇಳಿ, ಬೇಕಾದರೆ ಇಡೀ ದಿನದ ಬಡಿತ ದಾಖಲಿಸುವ ಹೋಲ್ಟರ್ ಹಾಕುತ್ತಾರೆ. ಡವಡವ ನಿಲ್ಲದೆ ತಲೆ ಸುತ್ತಿದರೆ, ಉಸಿರು ಕಟ್ಟಿದರೆ, ಎದೆ ನೊಂದರೆ, ಒಂದು ಸಲವಾದರೂ ಕಣ್ಣು ಕತ್ತಲಾಗಿ ಬಿದ್ದರೆ 108ಕ್ಕೆ ಫೋನ್ ಮಾಡಿ. ಸ್ವಂತ ಬೈಕಿನ ಹಿಂದೆ ಕೂರಿಸಿಕೊಂಡು ಹೊರಡಬೇಡಿ. ಬಿದ್ದವರು ಓಗೊಡದೆ, ಸರಿಯಾಗಿ ಉಸಿರಾಡದೆ, ಗೊರಗೊರ ಎನ್ನುತ್ತಿದ್ದರೆ ಅದು ನಿದ್ದೆಯೂ ಅಲ್ಲ, ಫಿಟ್ಸೂ ಅಲ್ಲ. ಗಟ್ಟಿ ನೆಲದ ಮೇಲೆ ಅಂಗಾತ ಮಲಗಿಸಿ ಎದೆಯ ನಡುವೆ ಎರಡೂ ಅಂಗೈ ಊರಿ ಜೋರಾಗಿ, ಬೇಗಬೇಗ ಒತ್ತುತ್ತಿರಿ. ಒಬ್ಬರು ಸೋತರೆ ಇನ್ನೊಬ್ಬರು ಒತ್ತಿ, ಆಂಬುಲೆನ್ಸ್ ಬರುವವರೆಗೆ. ಬಾಯಿಗೆ ನೀರು, ಕೈಗೆ ಕಬ್ಬಿಣ ಯಾವುದೂ ಬೇಡ.